ಗೇಟಿನಾಚೆ ತೋರಿಸಿದ ಬೆರಳು

ಮಕ್ಕಳೇ, ನಾನು ಚಿಕ್ಕವಳಿದ್ದಾಗ, ನಿಮ್ಮಷ್ಟೇ ಎತ್ತರವಿದ್ದಾಗ, ನಾವು ಸೌದಿಯ ಯಾನ್ಬುವಿನಲ್ಲಿದ್ದೆವು. ಎಂಬತ್ತರ ದಶಕ ಅದು. ಊರಿನವರಿಗೆ ಕ್ಯಾಸೆಟ್ಟಿನಲ್ಲಿ ದನಿ ತುಂಬಿ ಕಳಿಸುತ್ತಿದ್ದ ಕಾಲ. ಅಪ್ಪ ಎಣ್ಣೆ ಕಂಪೆನಿಯಲ್ಲಿ ಡ್ರೈವರ್. ಕಿಟಕಿ ತೆರೆದರೆ ಸಮುದ್ರದ ಉಪ್ಪುಗಾಳಿಯ ಜೊತೆ ಸುಟ್ಟ ಎಣ್ಣೆಯ ವಾಸನೆಯೂ ಬರುತ್ತಿತ್ತು.

ನಮ್ಮ ಬೀದಿಯ ಕೊನೆಯ ಮನೆಯಲ್ಲಿ ಆಫ್ರಿಕಾದ ಒಂದು ದೇಶದ ಮಾಜಿ ಅಧ್ಯಕ್ಷರ ಹೆಂಡತಿ ಇದ್ದರು. ಸೈನ್ಯ ಅಧ್ಯಕ್ಷರನ್ನು ಸೆರೆಯಲ್ಲಿಟ್ಟ ಮೇಲೆ ಅವರು ತಮ್ಮ ಮುದಿ ತಾಯಿಯನ್ನು ಕರೆದುಕೊಂಡು ಓಡಿ ಬಂದಿದ್ದರು. ನಾವು ಅವರನ್ನು ಮೇಡಂ ಎನ್ನುತ್ತಿದ್ದೆವು. ತಮ್ಮ ದೇಶದಲ್ಲಿ ಅವರು ಹೊರಟರೆ ರಸ್ತೆಯುದ್ದಕ್ಕೂ ಸಿಪಾಯಿಗಳು ನಿಲ್ಲುತ್ತಿದ್ದರಂತೆ. ಇಲ್ಲಿ ಅಂಗಳದ ಮರಳನ್ನು ಅವರೇ ಗುಡಿಸುತ್ತಿದ್ದರು.

ಒಂದು ಬೆಳಿಗ್ಗೆ ಆ ತಾಯಿ ತೀರಿಕೊಂಡರು. ಮಯ್ಯತ್ತಿಗೆ ಸ್ನಾನ ಮಾಡಿಸಲು ಅಮ್ಮನಿಗೆ ಕರೆ ಬಂತು. ಅಕ್ಕ ಮತ್ತು ನಾನೂ ಹಿಂದೆಯೇ ಹೋದೆವು.

“ಅಧ್ಯಕ್ಷರ ಮನೆ ಅಂತೆ, ಒಂದು ಸೋಫಾ ಕೂಡ ಇಲ್ಲ!” ಅಕ್ಕ ಪಿಸುಗುಟ್ಟಿದಳು.

“ಬಾಯಿ ಮುಚ್ಚು ಮಾರಾಯ್ತಿ, ನೀರು ತಾ,” ಎಂದಳು ಅಮ್ಮ.

ಕರ್ಪೂರದ ವಾಸನೆ ಕೋಣೆ ತುಂಬಿತ್ತು. ಮೇಡಂ ತಾಯಿಯ ನರೆಗೂದಲನ್ನು ಬಾಚಿ ತಾವೇ ಜಡೆ ಹೆಣೆದರು.

ಅಲ್ಲಿ ಹೆಂಗಸರು ದಫನಕ್ಕೆ ಹೋಗುವಂತಿರಲಿಲ್ಲ, ಖಬರಸ್ಥಾನದ ಒಳಗೂ ಕಾಲಿಡುವಂತಿರಲಿಲ್ಲ. ಅವರ ದೇಶದ ಗಂಡಸರು ಒಬ್ಬರೂ ಬರಲಿಲ್ಲ. ಹೊತ್ತದ್ದು ಅಪ್ಪ ಮತ್ತು ಅವರ ಗೆಳೆಯರು. ಹೊರಡುವಾಗ ಮೇಡಂ ನಮ್ಮಿಂದ ಕಲಿತ ಅರೆಬರೆ ಹಿಂದಿಯಲ್ಲಿ ಬೇಡಿಕೊಂಡರು: “ಭಾಯಿ, ಅಮ್ಮನನ್ನು ಎಲ್ಲಿ ಮಲಗಿಸ್ತೀರಿ, ನೋಡಿಟ್ಟುಕೊಳ್ಳಿ. ನನಗೆ ಅಷ್ಟು ಗೊತ್ತಾದ್ರೆ ಸಾಕು.” ಅಪ್ಪ ಎದೆಯ ಮೇಲೆ ಕೈಯಿಟ್ಟು ಒಪ್ಪಿಕೊಂಡರು. ನಮ್ಮ ಕುಂಡದಿಂದ ಮದರಂಗಿಯ ಒಂದು ಗೆಲ್ಲು ಮುರಿದುಕೊಂಡು ಹೋದರು. ನಮ್ಮೂರಿನಲ್ಲಿ ಗೋರಿಯ ತಲೆಯ ಕಡೆ ಅದನ್ನು ನೆಡುವುದು ವಾಡಿಕೆ.

ಸಂಜೆ ಅಪ್ಪ ಪಿಕಪ್ಪಿನಲ್ಲಿ ಮೇಡಂ ಮತ್ತು ನಮ್ಮೆಲ್ಲರನ್ನು ಖಬರಸ್ಥಾನದ ಕಬ್ಬಿಣದ ಗೇಟಿನವರೆಗೆ ಕರೆದೊಯ್ದರು. ತಾವೊಬ್ಬರೇ ಒಳಗೆ ಹೋಗಿ ಅಲ್ಲೇ ನಿಂತುಬಿಟ್ಟರು. ಅವರು ನೆಟ್ಟಿದ್ದ ಮದರಂಗಿ ಇರಲಿಲ್ಲ. ಬೆಳಗ್ಗಿನಿಂದ ಇನ್ನೂ ಎರಡು ದಫನ ಆಗಿದ್ದವು. ಮೂರೂ ಕಡೆ ಒಂದೇ ಬಗೆಯ ಹಸಿ ಮಣ್ಣು, ಒಂದೇ ಬಗೆಯ ಹೆಸರಿಲ್ಲದ ಕಲ್ಲು. ಗೆಲ್ಲು ಇದೆಯಲ್ಲ ಎಂದು ಅಪ್ಪ ಬೇರೆ ಗುರುತು ನೋಡಿಟ್ಟಿರಲಿಲ್ಲ.

“ಗಿಡ ನೆಡೋದೆಲ್ಲ ನಿಮ್ಮ ಹಿಂದ್‌ನಲ್ಲಿ. ಇಲ್ಲಿ ಹಾಗೆ ಮಾಡಬಾರದು, ಕಿತ್ತು ಬಿಸಾಡಿದೆ. ಯಲ್ಲಾ, ಹೊರಡಿ,” ಎಂದ ಕಾವಲುಗಾರ, ಮೇಡಂಗೆ ತಿಳಿಯದ ಅರಬ್ಬಿಯಲ್ಲಿ.

ಮೇಡಂ ಗೇಟಿನ ಸರಳು ಹಿಡಿದು ಅಪ್ಪನನ್ನೇ ನೋಡುತ್ತಿದ್ದರು. ಅಪ್ಪ ಕೈಯೆತ್ತಿ ನಡುವಿನ ಕಲ್ಲನ್ನು ತೋರಿಸಿದರು. ಮೇಡಂ ಸರಳಿಗೆ ಹಣೆ ಒತ್ತಿ ತಮ್ಮ ಭಾಷೆಯಲ್ಲಿ ಆ ಕಲ್ಲಿನೊಂದಿಗೆ ಬಹಳ ಹೊತ್ತು ಮಾತಾಡಿದರು. “ಶುಕ್ರಿಯಾ ಭಾಯಿ. ಅಮ್ಮ ಎಲ್ಲಿದ್ದಾಳೆ ಅಂತ ಈಗ ಗೊತ್ತಾಯ್ತು,” ಎಂದರು.

ಮನೆಗೆ ಬಂದ ಮೇಲೆ ಅಕ್ಕ ಕೇಳಿದಳು: “ಅಪ್ಪಾ, ಅದೇ ಹೌದಾ?”

“ಮೂರರಲ್ಲಿ ಒಂದು, ಮಗಳೇ,” ಎಂದರು ಅಪ್ಪ. ಅಂದು ಅವರು ಊಟ ಮಾಡಲಿಲ್ಲ. ನಾವು ಯಾನ್ಬು ಬಿಡುವವರೆಗೂ ಮೇಡಂ ಶುಕ್ರವಾರಗಳಂದು ಆ ಗೇಟಿಗೆ ಹೋಗುತ್ತಿದ್ದರು. ನಿಜ ಹೇಳಲು ನಮ್ಮಲ್ಲಿ ಯಾರಿಗೂ ಬಾಯಿ ಬರಲಿಲ್ಲ.

ಕಳೆದ ತಿಂಗಳು ಅಕ್ಕ, ನಿಮ್ಮ ದೊಡ್ಡಜ್ಜಿ, ಹೋದಳು. ಅವಳನ್ನು ನಮ್ಮೂರ ಮಸೀದಿಯ ಬದಿಗೇ ಮಲಗಿಸಿದೆವು. ದೂರದಲ್ಲಿದ್ದ ನೀವೂ ಮೊಬೈಲಿನಲ್ಲಿ ನೋಡಿದಿರಿ, ಕಲ್ಲಿನ ಮೇಲಿನ ಹೆಸರನ್ನು ಕೂಡಿಸಿ ಓದಿದಿರಿ. ರಜೆಗೆ ಬಂದಾಗ “ದೊಡ್ಡಜ್ಜಿ ಎಲ್ಲಿ?” ಎಂದು ಕೇಳಿ ಮಕ್ಕಳೇ, ನಾನು ತೋರಿಸುತ್ತೇನೆ. ನನ್ನ ಬೆರಳು ತೋರಿಸುವುದು ಅವಳದೇ ಕಲ್ಲನ್ನು, ಮೂರರಲ್ಲಿ ಒಂದನ್ನಲ್ಲ.