ನೂರನ್ನು ನಡುವೆ ಇಟ್ಟುಕೊಂಡು

ಕಾಂಪೌಂಡಿಗೆ ಹಬ್ಬಿದ್ದ ತೊಂಡೆಬಳ್ಳಿಯನ್ನು ಕೀಳುತ್ತಿದ್ದೆ. ಅಂಗೈಯಲ್ಲಿ ಎಲೆ ನುರಿದು ಹಸಿ ವಾಸನೆ ಮೂಗಿಗೆ ಬಡಿಯಿತು. ಮುಳಬಾಗಿಲಿನ ಹೈಸ್ಕೂಲಿನಲ್ಲಿ ನಾವು ಹುಡುಗಿಯರು ತೊಂಡೆಸೊಪ್ಪಿಗೆ ಇದ್ದಿಲು ಸೇರಿಸಿ ಅರೆದು ಬೋರ್ಡಿಗೆ ಬಳಿಯುತ್ತಿದ್ದೆವು... ಆ ಬೋರ್ಡಿನ ಪಕ್ಕ ಕುರ್ಚಿ ಎಳೆದುಕೊಂಡು ಕೂರುತ್ತಿದ್ದ ಲೆಕ್ಕದ ಟೀಚರ್ ನೆನಪಾದರು.

ಎಪ್ಪತ್ತರ ದಶಕದ ಕೊನೆ. ಟೀಚರ್ ಕೋಲಾರದಿಂದ ಬಸ್ಸಿನಲ್ಲಿ ಬರುತ್ತಿದ್ದರು. ಬರುವಾಗಲೇ ದಣಿದಿರುತ್ತಿದ್ದರು. ನಮಗೆ ಮಧ್ಯಾಹ್ನದ ಪಾಠ. ಅರ್ಧ ಕಣ್ಣು ಮುಚ್ಚಿಕೊಂಡೇ ಹೇಳುತ್ತಿದ್ದರು.

“ಉದ್ದುದ್ದ ಗುಣಾಕಾರ ಮಾಡೋ ಶಕ್ತಿ ನನಗಿಲ್ಲ ಕಣ್ರೇ. ತೊಂಬತ್ತೆಂಟನ್ನ ನೂರಾ ಎರಡರಿಂದ ಗುಣಿಸ್ಬೇಕಾ? ನೂರನ್ನ ನಡುವೆ ಇಟ್ಕೊಳ್ಳಿ. ಒಂದು ಎರಡು ಕಮ್ಮಿ, ಇನ್ನೊಂದು ಎರಡು ಜಾಸ್ತಿ. ನೂರರ ವರ್ಗದಲ್ಲಿ ಎರಡರ ವರ್ಗ ಕಳೀರಿ. ಹತ್ತು ಸಾವಿರದಲ್ಲಿ ನಾಲ್ಕು ಹೋಯ್ತು. ಮುಗೀತು.”

ಎ ಪ್ಲಸ್ ಬಿ, ಎ ಮೈನಸ್ ಬಿ ಎಂದು ಅರ್ಥವಿಲ್ಲದೆ ಉರು ಹೊಡೆದಿದ್ದ ಸೂತ್ರ ಅವತ್ತು ನನ್ನ ಕೈಗೆ ಸಿಕ್ಕಿತು.

ಸುಸ್ತಿಗೆ ಕೂರುತ್ತಾರೆ ಎಂದುಕೊಂಡಿದ್ದೆವು. ಅವರಿಗೆ ಬೋರ್ಡೇ ಕಾಣುತ್ತಿಲ್ಲವೆಂದು ತಿಳಿದದ್ದು ಆಮೇಲೆ. ಕಣ್ಣು ದಿನೇ ದಿನೇ ಮಂಜಾಗುತ್ತಿತ್ತು. ಗಂಡ ತೀರಿಹೋಗಿದ್ದರು, ಕೆಲಸ ಹೋದರೆ ತಮ್ಮನ ಮನೆಯೇ ಗತಿ. ನಾವು ಯಾರೂ ಬಾಯಿ ಬಿಡಲಿಲ್ಲ. ಬೋರ್ಡಿನಲ್ಲಿದ್ದುದನ್ನು ನಮ್ಮಲ್ಲಿ ಯಾರಾದರೊಬ್ಬರು ಗಟ್ಟಿಯಾಗಿ ಓದುತ್ತಿದ್ದರು, ಅಷ್ಟೆ.

ಒಂದು ದಿನ ಇನ್‌ಸ್ಪೆಕ್ಟರು ಬಂದರು. ಬೋರ್ಡಿನ ಮೇಲೆ ಏನೋ ಬರೆದು, “ಇದನ್ನ ಸುಲಭವಾಗಿ ಹೇಳ್ಕೊಡಿ ಮೇಡಂ” ಎಂದರು. ಟೀಚರ್ ಎದ್ದು ನಿಂತರು. ಬೋರ್ಡಿನತ್ತ ಕಣ್ಣು ಕಿರಿದು ಮಾಡಿದರು. ನನಗೆ ತಡೆಯಲಾಗಲಿಲ್ಲ.

“ತೊಂಬತ್ತೇಳು ಇಂಟು ನೂರಾ ಮೂರು” ಎಂದು ಕೂಗಿದೆ.

“ನಿನ್ನ ಕೇಳಿದ್ನಾ?” ಎಂದು ಇನ್‌ಸ್ಪೆಕ್ಟರು ಗದರಿದರು.

ಅಷ್ಟರಲ್ಲಿ ಟೀಚರ್ ಸೀಮೆಸುಣ್ಣ ಹಿಡಿದಿದ್ದರು. ನೂರರ ವರ್ಗ, ಮೂರರ ವರ್ಗ... ಬಾಯಲ್ಲಿ ತಪ್ಪಿಲ್ಲದೆ ಹೇಳುತ್ತ ಬರೆದರು. ಬರೆದದ್ದೆಲ್ಲ ಇನ್‌ಸ್ಪೆಕ್ಟರ ಅಂಕಿಗಳ ಮೇಲೆಯೇ. ಏನೊಂದೂ ಓದುವಂತಿರಲಿಲ್ಲ. ಇನ್‌ಸ್ಪೆಕ್ಟರು ಬೋರ್ಡನ್ನು ನೋಡಿ, ಆಮೇಲೆ ಟೀಚರ್ ಕಣ್ಣುಗಳನ್ನು ನೋಡಿದರು.

“ಯಾವಾಗಿಂದ ಮೇಡಂ?” ದನಿ ತಗ್ಗಿತ್ತು.

“ಹೋದ ವರ್ಷದಿಂದ ಸಾರ್. ಬಚ್ಚಿಟ್ಟೂ ಬಚ್ಚಿಟ್ಟೂ ಸಾಕಾಗೋಯ್ತು.”

ಪರೀಕ್ಷೆ ಮುಗಿಯುವವರೆಗೆ ಇರಲಿ ಎಂದು ಇನ್‌ಸ್ಪೆಕ್ಟರೇ ಹೆಡ್‌ಮಾಸ್ಟರಿಗೆ ಹೇಳಿಹೋದರು. ಆ ಮೂರು ತಿಂಗಳು ಟೀಚರ್ ಬಾಯಲ್ಲಿ ಹೇಳಿದರು, ನಾವು ಬರೆದೆವು. ಬೇಸಿಗೆ ರಜಕ್ಕೆ ಕೆಲಸ ಬಿಟ್ಟು ಶ್ರೀನಿವಾಸಪುರಕ್ಕೆ, ತಮ್ಮನ ಮನೆಗೆ ಹೊರಟುಹೋದರು.

ಎಂಬತ್ತರ ದಶಕದ ನಡುವಿನಲ್ಲಿ ನಾನೂ ಮಾಲೂರಿನಲ್ಲಿ ಲೆಕ್ಕದ ಟೀಚರಾಗಿದ್ದೆ. ಯಾರದೋ ಮದುವೆಗೆಂದು ಹೋದಾಗ ಶ್ರೀನಿವಾಸಪುರದ ಬಸ್‌ಸ್ಟ್ಯಾಂಡಿನಲ್ಲಿ ಅವರನ್ನು ಕಂಡೆ. ತಮ್ಮನ ಸೊಸೆಯ ತೋಳು ಹಿಡಿದು ನಿಂತಿದ್ದರು. “ಟೀಚರ್” ಎಂದೆ, ಅಷ್ಟೇ.

“ನುವ್ವೇನಾ?” ನೀನೇನಾ ಎಂದು ತೆಲುಗಿನಲ್ಲಿ ಕೇಳಿ ನಕ್ಕರು. “ತೊಂಬತ್ತೇಳು ಇಂಟು ನೂರಾ ಮೂರು ಅಂದೋಳು ನೀನೇ ಅಲ್ವೇನೇ?”

ನನ್ನ ಕೆಲಸದ ವಿಷಯ ಹೇಳಿದೆ. “ಸುಸ್ತಾಗುತ್ತಾ?” ಎಂದರು.

“ತುಂಬಾ ಆಗುತ್ತೆ ಟೀಚರ್.”

“ಆಗ್ಲಿ ಬಿಡು. ನಂಗೆ ಅದೂ ಇಲ್ದಂಗಾಯ್ತು.”

ಬಸ್ಸು ಬಂತು...

ಈಗ ನಾನೂ ನಿವೃತ್ತಳಾಗಿ ಮನೆಯಲ್ಲಿದ್ದೇನೆ. ಹೋದ ತಿಂಗಳು ಶ್ರೀನಿವಾಸಪುರದವರೊಬ್ಬರು ಸಿಕ್ಕಾಗ ವಿಚಾರಿಸಿದೆ. ಟೀಚರ್ ಹೋಗಿ ಬಹಳ ಕಾಲವಾಯಿತಂತೆ. ನಮಗೆ ತಿಳಿಸಬೇಕೆಂದು ಯಾರಿಗೂ ಹೊಳೆದಿರಲಿಕ್ಕಿಲ್ಲ. ಒಂದು ಮಾತು ಆಡಿದರೆ ಸಾಕು, ಇವಳೇ ಎಂದು ನನ್ನನ್ನು ಗುರುತು ಹಿಡಿಯುವವರು ಒಬ್ಬರಿದ್ದರು. ಈಗಿಲ್ಲ.