ಏಳನೆಯ ಮೊಳೆ ಮತ್ತು ಹಾರುವ ಸ್ಪ್ರಿಂಗು

ವೆಸೆಲಿ ಊರಿನ ಮನೆಗಳಲ್ಲಿ ರೈಫಲ್ಲಿನ ಲೋವರು ಜೋಡಿಸುವಾಗ ಹಾರಿಹೋದ ಸ್ಪ್ರಿಂಗುಗಳನ್ನೆಲ್ಲ ಹೆಕ್ಕಿ ಒಂದೆಡೆ ಗುಡ್ಡೆ ಹಾಕಿದರೆ, ಅದರ ನೆತ್ತಿಯ ಮೇಲೆ ನಿಂತು ಕೊಲರಾಡೋದ ಬೆಟ್ಟ ನೋಡಬಹುದಿತ್ತು. ನಮ್ಮ ನೆಬ್ರಾಸ್ಕದಲ್ಲಿ ಹತ್ತಿ ನಿಲ್ಲಲು ಬೇರೆ ಗುಡ್ಡವೂ ಇಲ್ಲವಲ್ಲ.

ಜನವರಿ ಬಂತೆಂದರೆ ಮೆಕ್ಕೆಜೋಳ ಕಣಜ ಸೇರಿರುತ್ತದೆ, ಹೊಲ ಹಿಮದಡಿ ಗೊರಕೆ ಹೊಡೆಯುತ್ತಿರುತ್ತದೆ, ಗಂಡಸರು ಮನೆಯೊಳಗೆ ಹೆಂಗಸರ ಕಾಲಿಗೆ ತೊಡರುತ್ತಿರುತ್ತಾರೆ. ಆಗ ಒಬ್ಬೊಬ್ಬರೇ ಬಂದೂಕಿನಂಗಡಿಗೆ ಹೋಗಿ, ಕಾಗದ ತುಂಬಿ ಸಹಿ ಹಾಕಿ, ಬೋಳು ಲೋವರೊಂದನ್ನು ಹಿಡಿದು ಬರುತ್ತಾರೆ. ರೈಫಲ್ಲಿನ ಕೆಳಗಿನರ್ಧ ಅದು. ಕುದುರೆ, ಹಿಡಿ ಎಲ್ಲ ಬಂದು ಕೂರಬೇಕಾದ ಬರೀ ಚೌಕಟ್ಟು. ಕೂರಬೇಕಾದವು ಅಂಚೆಯಲ್ಲಿ ಪೊಟ್ಟಣವಾಗಿ ಬರುತ್ತವೆ. ಊಟದ ಮೇಜಿನ ಮೇಲೆ ಹಳೇ ಟವೆಲು ಹಾಸಿ, ಕನ್ನಡಕ ಏರಿಸಿ ಕೂತರೆ ಅರ್ಧ ಕೆಲಸ ಸಲೀಸಾಗಿ ಮುಗಿಯುತ್ತದೆ. ಆಮೇಲೆ ಮುಂತುದಿಯ ಕೀಲಿನ ಸರದಿ ಬರುತ್ತದೆ. ಅಲ್ಲೊಂದು ತೂತು, ತೂತಿನೊಳಗೊಂದು ಕೂದಲೆಳೆ ಸ್ಪ್ರಿಂಗು, ಅದರ ತಲೆಯ ಮೇಲೆ ಸೋಂಪುಕಾಳಿನಷ್ಟು ಕಡ್ಡಿ. ಎರಡನ್ನೂ ಒತ್ತಿ ಹಿಡಿದುಕೊಂಡೇ ಕೀಲು ತೂರಿಸಬೇಕು. ಬೆರಳು ಒಂದಿಷ್ಟು ಜಾರಿತೋ, ಟಿಂಗ್! ಸ್ಪ್ರಿಂಗು ಹೋದ ದಿಕ್ಕನ್ನು ಈವರೆಗೆ ಕಂಡ ಮನುಷ್ಯನಿಲ್ಲ. ಊರಿನ ಪಾದ್ರಿಯೊಬ್ಬರು ತಮ್ಮ ಸ್ಪ್ರಿಂಗು ಕಳೆದುಕೊಂಡ ಕ್ಷಣ ಆಡಿದ ಮಾತಿಗೆ ಆಮೇಲೆ ಮೂರು ಊರಾಚೆಯ ಪಾದ್ರಿಯ ಹತ್ತಿರ ಹೋಗಿ ತಪ್ಪೊಪ್ಪಿಕೊಂಡು ಬಂದರಂತೆ.

ಇಂಥ ಊರಿನಲ್ಲಿ ಮೈಲೋ ಝಡಿನಾ ಹದಿನೈದು ವರ್ಷಗಳಲ್ಲಿ ಅರವತ್ತನಾಲ್ಕು ಲೋವರು ಜೋಡಿಸಿಕೊಟ್ಟು ಒಂದೇ ಒಂದು ಸ್ಪ್ರಿಂಗನ್ನೂ ಕಳೆದಿರಲಿಲ್ಲ. ಅಕ್ಕಪಕ್ಕದ ಜಿಲ್ಲೆಗಳಿಂದಲೂ ಜನ ಬರುತ್ತಿದ್ದರು. ಎಲ್ಲರದೂ ಒಂದೇ ಮಾತು: ಚಿನ್ನದ ಕೈ.

ಆ ಕೈ ಮೈಲೋನದಲ್ಲ, ಅವನ ಹೆಂಡತಿ ಅಡಲೀನಳದು. ಮೈಲೋನ ಬೆರಳುಗಳೋ, ಒಂದೊಂದೂ ಒಂದೊಂದು ಮೆಕ್ಕೆಜೋಳದ ತೆನೆ. ಅಂಗಿಯ ಮೇಲಿನ ಗುಂಡಿಯನ್ನು ಮದುವೆಯಾದಾಗಿನಿಂದ ಅವಳೇ ಹಾಕುತ್ತಿದ್ದಳು. ಅಡಲೀನ್ ಕೌದಿ ಹೊಲಿಯುವವಳು. ಅವಳ ಹೊಲಿಗೆ ಎಷ್ಟು ಸಣ್ಣದೆಂದರೆ, ಅದನ್ನು ದಾಟಬೇಕಾದ ಚಿಗಟ ಎಡವುವ ಬದಲು ಎದುರಿಗೆ ಏನೂ ಇಲ್ಲವೆಂದೇ ನಡೆದು ಹೋಗುತ್ತಿತ್ತು. ಮೊದಲ ಲೋವರನ್ನು ಅವಳು ಒಲೆಯ ಮೇಲೆ ಕಡುಬು ಬೇಯುವಷ್ಟರಲ್ಲಿ ಜೋಡಿಸಿಟ್ಟಳು. ಮರುದಿನ ಮೈಲೋ ಅದನ್ನು ಹೋಟೆಲಿಗೆ ಒಯ್ದಾಗ, ಅವನು ಬಾಯಿ ತೆರೆಯುವ ಮೊದಲೇ ಯಾರೋ ಬೆನ್ನು ತಟ್ಟಿ “ಚಿನ್ನದ ಕೈ ಕಣೋ ನಿಂದು” ಎಂದುಬಿಟ್ಟರು. ಕಿವಿ ಕೆಂಪು ಮಾಡಿಕೊಂಡು ಮನೆಗೆ ಬಂದು ಒಪ್ಪಿಕೊಂಡ.

“ಹೋಗ್ಲಿ ಬಿಡು,” ಎಂದಿದ್ದಳು ಅಡಲೀನ್. “ಮೇಜಿನ ಸುದ್ದಿ ಏನು, ಅದು ಹೇಳು.”

ಅವಳಿಗೆ ಬೇಕಾಗಿದ್ದದ್ದು ಅದು. ಡಾರ್ಲಾಳ ಹೋಟೆಲಿನ ಮೂಲೆ ಮೇಜಿನಲ್ಲಿ ಬೆಳಗ್ಗೆ ಆರಕ್ಕೆ ಏಳು ಗಂಡಸರು ಕೂರುತ್ತಾರೆ. ಹಿಂದಿನ ಗೋಡೆಯಲ್ಲಿ ಏಳು ಮೊಳೆ, ಮೊಳೆಗೊಂದು ಕಾಫಿ ಕಪ್ಪು. ಅಲ್ಲಿ ಹುಟ್ಟುವ ಸುಳ್ಳುಗಳಿಗೆ ಆ ಸೀಮೆಯಲ್ಲೇ ಸಾಟಿಯಿಲ್ಲ. ಮೈಲೋ ಏಳೂವರೆಗೆ ಮನೆಗೆ ಬಂದು ಅವನ್ನೆಲ್ಲ ಬಿಸಿಬಿಸಿಯಾಗಿ ಒಪ್ಪಿಸುತ್ತಿದ್ದ. ಅವಳು ಸ್ಪ್ರಿಂಗು ಒತ್ತುತ್ತಿದ್ದಳು, ಅವನು ಟಾರ್ಚು ಹಿಡಿದು ಸುಳ್ಳು ಹೇಳುತ್ತಿದ್ದ. ಇಬ್ಬರಿಗೂ ಒಳ್ಳೆಯ ಬಾಳು ಅದು.

ಹೋದ ಫೆಬ್ರವರಿಯಲ್ಲಿ ಮೈಲೋ ತೀರಿಕೊಂಡ. ಮನೆಗೆ ಕಡುಬು ಬಂತು, ಹೂವು ಬಂತು, ಪಾದ್ರಿ ಬಂದರು. ಸುದ್ದಿ ಮಾತ್ರ ಬರುವುದು ನಿಂತುಹೋಯಿತು. ಒಂದು ವರ್ಷದಿಂದ ಅಡಲೀನಳಿಗೆ ಗೊತ್ತಾಗುತ್ತಿದ್ದುದೆಲ್ಲ ಬರೀ ನಿಜ: ಯಾರಿಗೆ ಮಂಡಿ ನೋವು, ಯಾವಾಗ ಹಿಮ ಬೀಳುತ್ತದೆ, ಅಷ್ಟೇ. ಬರೀ ನಿಜ ತಿಂದು ಮನುಷ್ಯರು ಎಷ್ಟು ದಿನ ಬದುಕಿಯಾರು? ಸತ್ತವನ ಮೊಳೆಯನ್ನು ಒಂದು ವರ್ಷ ಖಾಲಿ ಬಿಟ್ಟು, ಆಮೇಲೆ ಕೈ ಎತ್ತಿ ಹೊಸಬರನ್ನು ಆರಿಸುವುದು ಮೇಜಿನ ಪದ್ಧತಿ. ಬರುವ ಶುಕ್ರವಾರಕ್ಕೆ ವರ್ಷ ತುಂಬುತ್ತಿತ್ತು. ಆ ಏಳನೆಯ ಮೊಳೆ ತನಗೆ ಬೇಕೆಂದು ಅಡಲೀನ್ ನೇರವಾಗಿ ಹೋಗಿ ಕೇಳಿಯೇಬಿಟ್ಟಳು.

ಎದ್ದು ನಿಂತು ಅಡ್ಡ ಹಾಕಿದವನು ಡೆಲ್ಮರ್ ಹ್ರುಸ್ಕ. ಪಕ್ಕದ ಹೊಲದವನು, ಒಂದನೇ ಕ್ಲಾಸಿನಿಂದ ಅವಳ ಜೊತೆ ಓದಿದವನು.

“ಅಡಲೀನ್, ಬೇಜಾರ್ ಮಾಡ್ಕೋಬೇಡ. ಈ ಮೇಜು ನಿಂತಿರೋದೇ ಸುಳ್ಳಿನ ಮೇಲೆ. ನೀನು ಬಂದು ಕೂತ್ಕೊಂಡು ‘ಇಲ್ಲ ಡೆಲ್ಮರ್, ಆ ಮೀನು ಗೇಣುದ್ದ ಇತ್ತು, ನಾನೇ ನೋಡಿದೀನಿ’ ಅಂತ ನಿಜ ಹೇಳಿದ್ರೆ ಎರಡು ದಿನಕ್ಕೆ ಕಾಲು ಮುರ್ಕೊಂಡು ಬೀಳುತ್ತೆ ಇದು.”

“ಆ ಮೀನು ಗೇಣುದ್ದಾನೂ ಇರ್ಲಿಲ್ಲ,” ಎಂದಳು ಅಡಲೀನ್.

“ನೋಡಿದ್ರಾ!” ಎಂದು ಡೆಲ್ಮರ್ ಎಲ್ಲರ ಕಡೆ ಕೈ ತೋರಿಸಿದ. ಮೊಳೆಗೆ ಅವನ ಕಡೆಯಿಂದ ಅವನ ಬೀಗ ವರ್ಲಿನ್ ನಿಂತಿದ್ದ. ವರ್ಲಿನ್ ಒಮ್ಮೆ ಒಮಾಹಾ ಪಟ್ಟಣದಲ್ಲಿ ದಾರಿ ತಪ್ಪಿದ್ದ; ಒಂಬತ್ತು ವರ್ಷದಿಂದ ಅದೊಂದನ್ನೇ ಹೇಳುತ್ತಿದ್ದ.

ಹೀಗಿರುವಾಗ ಬುಧವಾರ ಮಧ್ಯಾಹ್ನ ಅಡಲೀನಳ ಅಡುಗೆಮನೆ ಬಾಗಿಲು ತಟ್ಟಿದ ಸದ್ದಾಯಿತು. ತೆರೆದರೆ ಡೆಲ್ಮರ್. ಕೈಯಲ್ಲಿ ಬೇಯಿಸುವ ತಟ್ಟೆ, ಮೇಲೆ ಬಟ್ಟೆ ಮುಚ್ಚಿತ್ತು.

“ನಿನ್ ಹೆಂಡ್ತಿ ಏನ್ ಕಳಿಸಿದ್ಲೋ?”

“ಒಳಗ್ ಬಿಡು ತಾಯಿ ಮೊದ್ಲು. ರಸ್ತೆಯೋರು ನೋಡ್ತಾರೆ.”

ಬಟ್ಟೆ ತೆಗೆದಳು. ತಟ್ಟೆಯಲ್ಲಿದ್ದುದು ಲೋವರು, ಅರ್ಧ ಜೋಡಿಸಿದ್ದು.

“ಮೈಲೋ ಮಾಡ್ತಿದ್ದದ್ದು ಏನ್ ಮಹಾ, ಮಂಗಾನೂ ಮಾಡುತ್ತೆ ಅಂತ ಮೇಜಲ್ಲಿ ಹೇಳ್ಬಿಟ್ಟಿದೀನಿ,” ಎಂದ ಡೆಲ್ಮರ್, ಟೋಪಿ ತಿರುವುತ್ತ. “ಶನಿವಾರ ಕಯೋಟಿ ತೋಳದ ಬೇಟೆ, ಅಷ್ಟರೊಳಗೆ ಇದು ಆಗ್ಬೇಕು. ಏಳು ಸ್ಪ್ರಿಂಗು ಹೋಯ್ತು. ನಮ್ಮನೇಲಿ ಜಾಯ್ಸ್ ಕಸ ಗುಡಿಸೋ ಮಷೀನು ಆನ್ ಮಾಡಿದ್ರೆ ಅದು ಗಿಟಾರ್ ಥರ ಸದ್ದು ಮಾಡುತ್ತೆ ಈಗ.”

“ಅದಕ್ಕೆ?”

“ಮೈಲೋ ಏನೋ ಒಂದು ಸಾಧನ ಇಟ್ಕೊಂಡಿದ್ದ, ಅಲ್ವಾ? ಆ ಬೆರಳಲ್ಲಿ ಹಂಗೇ ಆಗೋ ಕೆಲ್ಸ ಅಲ್ಲ ಇದು. ಅದನ್ನ ಒಂದಿನ ಕೊಡು.”

ಅಡಲೀನಳಿಗೆ ನಗು ಗಂಟಲವರೆಗೆ ಬಂತು. ನುಂಗಿಕೊಂಡಳು. “ಅಂಥದ್ದೇನೂ ಇಲ್ಲ. ಕೂತ್ಕೋ. ನನ್ ಮುಂದೇನೇ ಮಾಡು, ನೋಡೋಣ.”

ಕೂತ. ನಾಲಗೆ ಹೊರಚಾಚಿ, ಉಸಿರು ಬಿಗಿಹಿಡಿದು, ಎಂಟನೆಯ ಸ್ಪ್ರಿಂಗನ್ನು ತೂತಿಗಿಟ್ಟು ಕಡ್ಡಿಯ ಮೇಲೆ ಬೆರಳೊತ್ತಿದ. ಮೂಗಿನ ತುದಿಯಲ್ಲಿ ಬೆವರಹನಿ ಮೂಡಿತು.

ಟಿಂಗ್!

ಈ ಸಲ ಮಾತ್ರ ಅದು ಹೋದ ದಿಕ್ಕು ಕಂಡಿತು. ಕಿಟಕಿಯ ಪಕ್ಕದಲ್ಲಿ ಆರಲು ಇಟ್ಟಿದ್ದ ಕೊಲಾಚೆಗಳ ತಟ್ಟೆಯಿಂದ ‘ಪಚ್’ ಎಂಬ ಮೆತ್ತನೆ ಸದ್ದು ಬಂತು. ಇಪ್ಪತ್ತನಾಲ್ಕು ಸಿಹಿ ಬನ್ನುಗಳು, ಪ್ರತಿಯೊಂದರ ನಡುವೆಯೂ ಕರೀ ಗಸಗಸೆಯ ಹೂರಣ.

“ಯಾವುದ್ರಲ್ಲಿ ಹೋಯ್ತು?” ಎಂದ ಡೆಲ್ಮರ್, ದನಿಯೇ ಸತ್ತವನಂತೆ.

“ನನ್ನ ಕೇಳಿದ್ರೆ? ಕೊನೇ ಸ್ಪ್ರಿಂಗಾ ಅದು?”

“ಕೊನೇದು.”

“ಹಾಗಿದ್ರೆ ತಿನ್ನು.”

ಡೆಲ್ಮರ್ ತಿಂದ. ಮೊದಲ ನಾಲ್ಕನ್ನು ಖುಷಿಯಿಂದ, ಮುಂದಿನ ನಾಲ್ಕನ್ನು ಗೌರವದಿಂದ, ಒಂಬತ್ತನೆಯದರಿಂದ ಆಚೆಗೆ ಸೊಂಟದ ಪಟ್ಟಿ ಸಡಿಲಿಸಿಕೊಂಡು. ಪ್ರತಿ ತುತ್ತನ್ನೂ ಮುದುಕಿ ಅಕ್ಕಿಯಲ್ಲಿ ಕಲ್ಲು ಆರಿಸುವ ಹಾಗೆ ಹಲ್ಲಿನಲ್ಲೇ ಆರಿಸುತ್ತಿದ್ದ. ಬನ್ನು ಕೈಯಲ್ಲಿ ಮುರಿದು ನೋಡಿದ್ದರೂ ಆಗುತ್ತಿತ್ತು. ಅದನ್ನು ಅಡಲೀನ್ ಹೇಳಲಿಲ್ಲ. ಮೇಜಿನ ವಿಷಯದಲ್ಲಿ ಅವಳಿಗಿನ್ನೂ ಸ್ವಲ್ಪ ಸಿಟ್ಟಿತ್ತು. ಹದಿಮೂರನೆಯದರಲ್ಲಿ ‘ಕಟಕ್’ ಎಂದಿತು. ಸ್ಪ್ರಿಂಗು, ಕಡ್ಡಿ ಎರಡೂ ಒಟ್ಟಿಗೇ ಸಿಕ್ಕವು.

“ಇನ್ ನನ್ ಕೈಲಿ ಆಗಲ್ಲ,” ಎಂದು ಡೆಲ್ಮರ್ ಕುರ್ಚಿಗೆ ಒರಗಿದ. “ಮಾಡೋಕೂ ಆಗಲ್ಲ, ತಿನ್ನೋಕೂ ಆಗಲ್ಲ.”

ಅಡಲೀನ್ ಕೆಟಲು ಒಲೆಯ ಮೇಲಿಟ್ಟಳು. ಸ್ಪ್ರಿಂಗು ತೊಳೆದು ಒರೆಸಿದಳು. ಹಾರಿದರೂ ಒಳಗೇ ಉಳಿಯಲೆಂದು ಬ್ರೆಡ್ಡಿನ ಖಾಲಿ ಪ್ಲಾಸ್ಟಿಕ್ ಚೀಲದೊಳಗೆ ಲೋವರನ್ನು ತೂರಿಸಿ, ತನ್ನ ಎರಡೂ ಕೈಯನ್ನು ಅದರೊಳಗಿಟ್ಟು, ಹೊರಗೆ ಬಿದ್ದ ಹಿಮ ನೋಡುತ್ತ ಕೂತಳು. ಕೆಟಲು ಶಿಳ್ಳೆ ಹಾಕುವ ಮೊದಲೇ ಕೀಲು ‘ಟಕ್’ ಎಂದು ಕೂತಿತು.

ಡೆಲ್ಮರ್ ಅವಳ ಕೈ ನೋಡಿದ. ಲೋವರು ನೋಡಿದ. ಮತ್ತೆ ಕೈ ನೋಡಿದ.

“ಅರವತ್ತನಾಲ್ಕೂ?”

“ಮೈಲೋ ಮಾಡೋದನ್ನ ನೋಡ್ತಿದ್ದೆ, ಅಷ್ಟೇ.”

“ಇದು ನೋಡಿ ಕಲಿತ ಕೈ ಅಲ್ಲ ಕಣಮ್ಮ. ಕಿಟಕಿ ಆಚೆ ನೋಡ್ಕೊಂಡು ಮಾಡಿದೀಯ ನೀನು!” ಎಂದು ಎದ್ದು ಓಡಾಡತೊಡಗಿದ. ಹದಿಮೂರು ಬನ್ನು ಹೊತ್ತವನಿಗೆ ಅದೇನು ಸಣ್ಣ ಕೆಲಸವಲ್ಲ. “ಶುಕ್ರವಾರ ನಾನೇ ಹೇಳ್ತೀನಿ. ಈ ಕೈ ಯಾರದು ಅಂತ ಗೊತ್ತಾದ್ರೆ ಮೊಳೆ ನಿಂದೇ. ಏಳು ಸ್ಪ್ರಿಂಗಿನ ನನ್ನ ಮರ್ಯಾದೆ ಹೋದ್ರೂ ಹೋಗ್ಲಿ.”

“ಮೈಲೋನ ಮರ್ಯಾದೆ?”

“ಅವನು ಹೋಗ್ಬಿಟ್ಟಿದಾನಲ್ಲ.”

“ಅವನು ಹೋಗಿದಾನೆ. ಚಿನ್ನದ ಕೈ ಅನ್ನೋದು ಆ ಮೇಜಲ್ಲಿ ಇನ್ನೂ ಕೂತಿದೆ. ದಿನಾ ಯಾರಾದ್ರೂ ಒಬ್ರು ಹೇಳ್ತಾರಂತೆ, ಡಾರ್ಲಾ ಹೇಳಿದ್ಲು. ಒಂದು ಕಪ್ಪು ನೇತುಹಾಕೋಕೆ ನಾನು ಅವನ ಹೆಸರು ಕಿತ್ತು ಹಾಕ್ಲಾ?” ಅಡಲೀನ್ ಕಾಫಿ ಬಗ್ಗಿಸಿ ಅವನ ಮುಂದೆ ಕುಕ್ಕಿದಳು. “ತುಟಿ ಬಿಚ್ಚಿದ್ರೆ ನೋಡು, ಡೆಲ್ಮರ್. ಕೀಲು ಬಿಚ್ಚಿ ಸ್ಪ್ರಿಂಗನ್ನ ಹೊಲಕ್ಕೆ ಎಸೀತೀನಿ.”

“ಹಾಗಿದ್ರೆ ಮೊಳೆ ವರ್ಲಿನ್‌ಗೆ ಹೋಗುತ್ತೆ ಮಾರಾಯ್ತಿ. ಅವನು ನನ್ ಬೀಗ, ನಾನೇ ಮಾತು ಕೊಟ್ಟಿದೀನಿ.”

“ಹೋದ್ರೆ ಹೋಗ್ಲಿ,” ಎಂದಳು. ಅನ್ನುವುದೇನೋ ಅಂದಳು. ಅವನು ಹೋದ ಮೇಲೆ ಉಳಿದ ಹನ್ನೊಂದು ಕೊಲಾಚೆಗಳ ಮುಂದೆ ಒಬ್ಬಳೇ ಕೂತು, ಒಂದನ್ನೂ ಮುಟ್ಟಲಿಲ್ಲ.

ಶುಕ್ರವಾರ ಬೆಳಗ್ಗೆ ಅವಳು ಡಾರ್ಲಾಳ ಹೋಟೆಲಿಗೆ ಹೋಗಿ ಗಲ್ಲಾಪೆಟ್ಟಿಗೆಯ ಪಕ್ಕದ ಎತ್ತರದ ಸ್ಟೂಲಿನ ಮೇಲೆ ಕೂತಳು. ಮೂಲೆ ಮೇಜಿನ ಹಿರಿಯ, ಮೈಲೋನ ಅಣ್ಣ ಎಮಿಲ್, ಚಮಚದಿಂದ ಕಪ್ಪು ಬಡಿದು ಸಭೆ ಶುರು ಮಾಡಿದ. ವರ್ಲಿನ್ ಎದ್ದು ಒಮಾಹಾದಲ್ಲಿ ದಾರಿ ತಪ್ಪಿದ್ದನ್ನು ಹೇಳಿದ. ಮೊದಲ ತಿರುವಿಗೆ ಬರುವಷ್ಟರಲ್ಲಿ ಇಬ್ಬರು ಆಕಳಿಸಿದರು.

“ಅಡಲೀನ್, ನೀನೇನಾದ್ರೂ ಹೇಳೋದಿದ್ಯಾ?” ಎಂದ ಎಮಿಲ್. “ನಿಂಗೆ ಮೊಳೆ ಯಾಕೆ ಕೊಡ್ಬೇಕು?”

ಡೆಲ್ಮರ್ ಅವಳನ್ನೇ ನೋಡುತ್ತಿದ್ದ. ಬಾಯಿ ಅರ್ಧ ತೆರೆದಿದ್ದ. ಅವಳು ಹುಬ್ಬಿನಲ್ಲೇ ಅವನ ಬಾಯಿ ಮುಚ್ಚಿಸಿದಳು. ಅವಳ ಹತ್ತಿರ ಹೇಳುವುದಕ್ಕಿದ್ದ ನಿಜ ಒಂದೇ, ಅದನ್ನು ಹೇಳುವಂತಿಲ್ಲ. ಹಾಗಾದರೆ ಉಳಿದಿರುವುದು ಏನು?

“ನಂದೇನೂ ಇಲ್ಲ ಭಾವ,” ಎಂದು ನಿಧಾನವಾಗಿ ಶುರುಮಾಡಿದಳು. “ಮೈಲೋ ಒಂದು ಸ್ಪ್ರಿಂಗೂ ಕಳೀಲಿಲ್ಲ ಅಂತೀರಲ್ಲ, ಅದು ಸುಳ್ಳು. ಒಂದು ಕಳೆದಿದ್ದ.”

ಮೇಜಿನ ಸುತ್ತ ಕಪ್ಪುಗಳು ಅರ್ಧದಾರಿಯಲ್ಲೇ ನಿಂತವು. ಡೆಲ್ಮರ್ ಕಣ್ಣು ಮುಚ್ಚಿಕೊಂಡ.

“ಆ ದೊಡ್ಡ ಹಿಮಗಾಳಿ ವರ್ಷ. ಕರೆಂಟ್ ಇಲ್ಲ. ಚಳಿಗೆ ದೀಪದ ಉರಿ ಹೆಪ್ಪುಗಟ್ಟಿತ್ತು, ಮುರಿದು ಮುರಿದು ಕೋಣೆಕೋಣೆಗೆ ಇಡ್ತಿದ್ದೆ. ಮೈಲೋ ಎರಡೂ ಕೈಗೆ ಉಣ್ಣೆ ಗವಸು ಹಾಕ್ಕೊಂಡು ಲೋವರು ಜೋಡಿಸ್ತಾ ಕೂತಿದ್ದ. ಗವಸಲ್ವಾ, ಜಾರ್ತು. ಸ್ಪ್ರಿಂಗು ಬೀಗದ ಕಿಂಡೀಲಿ ಹೊರಗೆ ಹೋಗಿ, ನೇರವಾಗಿ ಕೊಟ್ಟಿಗೆ ಮೇಲಿನ ಗಾಳಿಕೋಳಿಗೆ, ಅದೇ ದಿಕ್ಕು ತೋರಿಸೋ ತಗಡಿನ ಕೋಳಿಗೆ, ಬಡೀತು. ಗಾಳಿಕೋಳಿ ಗಿರ್ರನೆ ಉಲ್ಟಾ ದಿಕ್ಕಿಗೆ ತಿರುಗಿ ನಿಂತ್ಕೊಳ್ತು.”

“ಆಮೇಲೆ?” ಎಂದ ಎಮಿಲ್.

“ಗಾಳಿಗೆ ಅನುಮಾನ ಬಂತು. ಕೋಳಿ ಹಂಗೆ ತೋರಿಸ್ತಿದೆ ಅಂದ್ಮೇಲೆ ನಾನೇ ತಪ್ಪು ದಿಕ್ಕಿಗೆ ಬೀಸ್ತಿದೀನೇನೋ ಅಂತ. ನಿಂತು, ಒಂದ್ನಿಮಿಷ ಯೋಚ್ನೆ ಮಾಡಿ, ಹಿಮ ಎಲ್ಲ ಗುಡಿಸ್ಕೊಂಡು ವಾಪಸ್ ಉತ್ತರದ ಡಕೋಟಾಗೆ ಹೊರಟ್ಹೋಯ್ತು. ಹೋಗೋವಾಗ ಸ್ಪ್ರಿಂಗನ್ನ ಹೊಗೆಗೂಡಿನಿಂದ ಇಳಿಸಿ ಮೈಲೋನ ಕಾಫಿಗೆ ಹಾಕ್ತು. ಅವನು ತಲೆ ಎತ್ತಲಿಲ್ಲ. ‘ತಡ ಆಯ್ತು’ ಅಂತ ಬೈದು, ಎತ್ತಿ ಅದೇ ತೂತಿಗೆ ಕೂರಿಸ್ದ. ಗವಸಲ್ಲೇ.”

ಎಮಿಲ್ ಕುರ್ಚಿಯನ್ನು ಮೆಲ್ಲಗೆ ತಿರುಗಿಸಿದ.

“ಡೆಲ್ಮರ್, ಪಕ್ಕದ ಹೊಲದೋನು ನೀನು. ಇದು ನಿಜಾನಾ?”

ಡೆಲ್ಮರ್ ಒಮ್ಮೆ ಬೀಗನ ಮುಖ ನೋಡಿದ, ಒಮ್ಮೆ ಖಾಲಿ ಮೊಳೆ ನೋಡಿದ, ಕೊನೆಗೆ ಅಡಲೀನಳ ಬೆರಳು ನೋಡಿದ. ಎದೆಯ ಮೇಲೆ ಕೈ ಇಟ್ಟುಕೊಂಡ.

“ನಿಜ. ಗಾಳಿ ವಾಪಸ್ ಹೋಗೋವಾಗ ನನ್ನ ಹಂದಿಮನೆ ಚಾವಣೀನೂ ತಗೊಂಡ್ಹೋಯ್ತು. ಡಕೋಟಾದೋರಿಗೆ ಎಷ್ಟು ಕಾಗದ ಬರೆದ್ರೂ ಕಳಿಸ್ತಾ ಇಲ್ಲ ಬಡ್ಡೀಮಕ್ಳು.”

“ಇವಳು ಬಂದ್ರೆ ನಿಜ ಹೇಳ್ಬಿಡ್ತಾಳೆ ಅನ್ನೋದು ನಿನ್ನ ಆಕ್ಷೇಪಣೆ,” ಎಂದ ಎಮಿಲ್. “ಆ ಹೆದರಿಕೆ ಇನ್ನೂ ಇದ್ಯಾ?”

“ಈಗ ಬೇರೆ ಹೆದರಿಕೆ ಶುರುವಾಗಿದೆ. ಇನ್ ನಮ್ಮ ಸುಳ್ಳು ಯಾರು ಕೇಳ್ತಾರೆ?”

ಆರು ಕೈ ಮೇಲೆದ್ದವು. ಏಳನೆಯದೂ ಎದ್ದಿತು. ನೋಡಿದರೆ ವರ್ಲಿನ್, ಕಥೆಯ ಗುಂಗಿನಲ್ಲಿ ತಾನು ಸ್ಪರ್ಧೆಗೆ ನಿಂತದ್ದನ್ನೇ ಮರೆತಿದ್ದ.

ಡಾರ್ಲಾ ನೀಲಿ ಹೂವಿನ ಕಪ್ಪೊಂದನ್ನು ತುಂಬಿ ಮೂಲೆ ಮೇಜಿನ ಮೇಲೆ ಇಟ್ಟಳು. ಅಡಲೀನ್ ಸ್ಟೂಲಿನಿಂದಿಳಿದು, ಖಾಲಿ ಕುರ್ಚಿ ಎಳೆದುಕೊಂಡು, ಎಮಿಲ್ ಮತ್ತು ಡೆಲ್ಮರ್ ನಡುವೆ ಕೂತಳು.

“ಹೂಂ,” ಎಂದಳು, ಸಕ್ಕರೆ ಕಲಕುತ್ತ. “ಹೋದ ಫೆಬ್ರವರಿಯಿಂದ ಶುರು ಮಾಡಿ. ಒಂದು ಸುಳ್ಳನ್ನೂ ಬಿಡ್ಬೇಡಿ.”

ಮಧ್ಯಾಹ್ನದ ಊಟಕ್ಕೆ ಜನ ಬಂದು ತುಂಬಿದಾಗಲೂ ಆ ಮೇಜಿನವರು ಮಾರ್ಚ್ ತಿಂಗಳನ್ನು ಮುಗಿಸಿರಲಿಲ್ಲ.