ಭಾಗಿ ಒದೆಯದ ದಿನ

ಹೆಗ್ಗೋಡಿನ ಆಚೆಯ ದನದ ಆಸ್ಪತ್ರೆಯಲ್ಲಿ ಶಿವರಾಮ ಅಟೆಂಡರ್. ದನಕ್ಕೆ ಹಗ್ಗ ಹಾಕುವುದು, ಬಾಲ ಹಿಡಿಯುವುದು, ಡಾಕ್ಟರಿಗೆ ಬೀಳಬೇಕಾದ ಒದೆಯನ್ನು ತಾನು ತಿನ್ನುವುದು, ಇದು ಅವನ ಇಪ್ಪತ್ತು ವರ್ಷದ ಸರ್ವಿಸ್ಸು. ಸುತ್ತಲಿನ ಯಾವ ಹಸು ಯಾವ ಕಾಲಲ್ಲಿ ಒದೆಯುತ್ತದೆ ಎಂಬುದು ಅವನಿಗೆ ಬಾಯಿಪಾಠ.

ಎಲ್ಲಕ್ಕಿಂತ ಕಿರಾತಕಿ ಎಂದರೆ ಕೆರಿಯಮ್ಮನ ಜರ್ಸಿ ಹಸು ಭಾಗಿ. ಹತ್ತಿರ ಬಂದವರಿಗೆ ಒದೆ, ದೂರ ನಿಂತವರಿಗೆ ಕೆಂಗಣ್ಣು. ಶಿವರಾಮನ ಎಡಗಾಲಿನ ಗುರುತುಗಳೆಲ್ಲ ಅವಳದೇ ರುಜು.

ಭಾಗಿ ಕರು ಹಾಕಿದ ಮರುದಿನ ಅವನು ಕರು ನೋಡಲು ಹೋದಾಗ ಕೆರಿಯಮ್ಮ ಅಂಗಳದಲ್ಲೇ ಎದುರಾದಳು.

“ಶಿವರಾಮಾ, ಭೂತಪ್ಪಂಗೆ ಕಾಯಿ ಹೇಳ್ಕೊಂಡಿದ್ದು ಫಲ ಕೊಡ್ತು ನೋಡು! ಬೆಳಿಗ್ಗಿಂದ ಒಂದ್ಸಲನೂ ಒದ್ದಿಲ್ಲ. ಹಾಲು ಕರೆಯಾಕೆ ಕೂತ್ರೆ ಬೊಂಬೆ ಹಂಗೆ ನಿಂತಿತ್ತು.”

ಹುಟ್ಟುಗುಣ ಸುಟ್ಟರೂ ಹೋಗದು ಎನ್ನುತ್ತಾರೆ. ಭಾಗಿಯದು ಒಂದು ತೆಂಗಿನಕಾಯಿಗೆ ಹೋಯಿತಂತೆ! ಶಿವರಾಮನಿಗೆ ನಗು ಬರಬೇಕಿತ್ತು, ಬರಲಿಲ್ಲ. ಕೊಟ್ಟಿಗೆಗೆ ನುಗ್ಗಿ, ಯಾರೂ ಮಾಡದ ಧೈರ್ಯ ಮಾಡಿ ಅವಳ ಹಿಂಗಾಲನ್ನೇ ಮುಟ್ಟಿದ. ಸುಮ್ಮನೆ ನಿಂತಿದ್ದಳು. ಕಿವಿ ಮುಟ್ಟಿದ. ತಣ್ಣಗೆ ಕೊರೆಯುತ್ತಿತ್ತು.

“ಅಮ್ಮಾ, ಇದು ಒಳ್ಳೇದಾಗಿದ್ದಲ್ಲ, ಸಾಯಾಕೆ ಹೊರಟಿದ್ದು,” ಎಂದವನೇ ಡಾಕ್ಟರಿಗೆ ಫೋನು ಹಚ್ಚಿದ.

ಡಾಕ್ಟರ್ ಯಶಸ್ವಿನಿ ಬರುವಷ್ಟರಲ್ಲಿ ಭಾಗಿ ಕುಸಿದು, ಕತ್ತನ್ನು ಹೊಟ್ಟೆಯ ಕಡೆ ತಿರುಗಿಸಿ ಮಲಗಿಬಿಟ್ಟಿದ್ದಳು. ಒಂಬತ್ತು ವರ್ಷ ಆ ಹಸುವನ್ನು ಶನಿ ಎಂದೇ ಕರೆದ ಕೆರಿಯಮ್ಮ ಈಗ ಅದರ ತಲೆ ಸವರುತ್ತ, “ಒದಿಯೇ ನನ್ನವ್ವಾ, ಬೇಕಾದ್ರೆ ನನ್ನ ಸೊಂಟಾನೇ ಮುರಿ,” ಎಂದು ಅಳುತ್ತಿದ್ದಳು. ಕರು ಹಾಕಿದ ಮೇಲೆ ಮೈಯಲ್ಲಿನ ಕ್ಯಾಲ್ಸಿಯಂ ಇಳಿದುಹೋಗಿತ್ತು. ಡಾಕ್ಟರ್ ನರಕ್ಕೆ ಸೂಜಿ ಚುಚ್ಚಿ ಬಾಟಲಿಯನ್ನು ನಿಧಾನವಾಗಿ ಏರಿಸಿದರು. ಮುಕ್ಕಾಲು ಗಂಟೆಗೆ ಭಾಗಿ ಎದ್ದಳು, ಮೈ ಕೊಡವಿದಳು, ಪಕ್ಕದಲ್ಲಿದ್ದ ಶಿವರಾಮನಿಗೇ ಒಂದು ಝಾಡಿಸಿದಳು.

“ಇನ್ನು ಸ್ವಲ್ಪ ತಡ ಆಗಿದ್ರೆ ಕಷ್ಟ ಇತ್ತು,” ಎಂದರು ಡಾಕ್ಟರ್. “ನಿಮಗೆ ಹೇಗೆ ಗೊತ್ತಾಯ್ತು ಶಿವರಾಮಣ್ಣ?”

“ಅದ್ರಲ್ಲಿ ಎಂತ ಇದೆ ಮೇಡಂ,” ಕಾಲು ನೀವಿಕೊಳ್ಳುತ್ತ ಅವನು ನಕ್ಕ. “ದಿನಾ ಜಗಳ ಆಡೋರು ಸುಮ್ನಾದ್ರೆ ಏನೋ ಆಗೈತೆ ಅಂತ್ಲೇ. ಈಗ ನಮ್ಮನೇಲಿ ಆಶಾನ್ನೇ ತಗಳಿ...”

ಮಾತು ಅಲ್ಲೇ ನಿಂತಿತು. ಹೆಂಡತಿ ಆಶಾ ಮೂರು ದಿನದಿಂದ ಅವನಿಗೆ ಬೈದಿರಲಿಲ್ಲ. ತಡವಾಗಿ ಬಂದದ್ದಕ್ಕೂ ಇಲ್ಲ, ಸಗಣಿ ಕಾಲಲ್ಲಿ ಒಳಗೆ ನಡೆದದ್ದಕ್ಕೂ ಇಲ್ಲ. ಈ ಮಹಾಶಯನೋ, ಸದ್ಯ ಬಚಾವಾದೆ ಎಂದು ಖುಷಿಯಲ್ಲಿ ಉಂಡು ಮಲಗಿದ್ದ!

ಡಾಕ್ಟರಿಗೆ ಹೇಳಿ ಬೈಕು ಹತ್ತಿ ನೇರ ಮನೆಗೆ ಬಂದ. ಆಶಾ ಅಡುಗೆಮನೆಯ ಗೋಡೆಗೆ ಒರಗಿ ಕೂತಿದ್ದಳು. ಹಣೆ ಮುಟ್ಟಿದರೆ ಕಾದ ಹಂಚು.

“ಜ್ವರ ಬಂದು ಮೂರು ದಿನ ಆತು,” ಎಂದಳು. “ಊರ ದನದ ಕಿವಿಯೆಲ್ಲ ಮುಟ್ಟಿ ನೋಡ್ತೀರಿ. ನನ್ನ ಹಣೆ ಮುಟ್ಟಕ್ಕೆ ಇವತ್ತು ಪುರುಸೊತ್ತಾಯ್ತಾ?”

ಶಿವರಾಮ ಅವಳ ಚಪ್ಪಲಿ ಹುಡುಕಿ ತಂದು ಕಾಲ ಬಳಿ ಇಟ್ಟು, ಸಾಗರದ ಆಸ್ಪತ್ರೆಗೆ ಹೋಗೋಣ ಏಳು ಎಂದ.